ಗಾಜಿನ ಪೆಟ್ಟಿಗೆಯ ಮುದುಕಿ

ಸರತಿ ಸಾಲಿನಲ್ಲಿ ಹಸಿರು ನಿಲುವಂಗಿ ತೊಡದೆ ನಿಂತವಳು ವಿವೆಕಾ ರೂಸ್ವಾಲ್ ಒಬ್ಬಳೇ. ಹಿಂದಿದ್ದ ಹುಡುಗಿ ಅವಳ ಬೂದು ಕೋಟನ್ನು ಮೇಲಿಂದ ಕೆಳಗೆ ನೋಡಿ, ಪಾಪ, ಇವಳಿಗೆ ಹೊಲಿಸಿಕೊಳ್ಳಲು ಪುರುಸೊತ್ತಾಗಲಿಲ್ಲವೇನೋ ಎಂಬಂತೆ ಮರುಕದ ನಗೆ ನಕ್ಕಳು.

ಗುಡಾರದ ಆ ತುದಿಯಲ್ಲಿ, ಮೇಜಿನ ಹಿಂದೆ ಕೂತು ರುನೋ ತುರೆಲ್ ಪುಸ್ತಕಗಳಿಗೆ ಸಹಿ ಹಾಕುತ್ತಿದ್ದ. ಕೆರೆಯಡಿಯ ಮಾಯಾರಾಜ್ಯದ ಕತೆಯನ್ನು ನಾಲ್ಕು ದಪ್ಪ ಸಂಪುಟಗಳಲ್ಲಿ ಬರೆದು, ಐದನೆಯದನ್ನು ಇವತ್ತು ನಾಳೆ ಎನ್ನುತ್ತ ಓದುಗರನ್ನು ವರ್ಷಗಟ್ಟಲೆ ಕಾಯಿಸುತ್ತಿರುವ ಮನುಷ್ಯ. ಕಾದು ಕಾದು ಬೈಯುತ್ತಿದ್ದ ಆ ಓದುಗರೇ ಇವತ್ತು ಅವನ ಕತೆಯ ಪಾತ್ರಗಳಂತೆ ಹಸಿರು ತೊಟ್ಟು ಅವನ ಬೆನ್ನಿಗೆ ನಿಂತಿದ್ದರು. ಯಾಕೆಂದರೆ ಗ್ರಾನ್‌ಬ್ರುಕ್ ಊರಿನ ಮಟ್ಟಿಗೆ ರುನೋ ಈಗ ಕಳ್ಳ.

ಊರಿನ ಸಂಗೀತ ಮನೆಯ ಗಾಜಿನ ಪೆಟ್ಟಿಗೆಯಲ್ಲಿದ್ದ 'ಮುದುಕಿ' ಮಾಯವಾಗಿ, ಅವಳ ಜಾಗದಲ್ಲಿ ನಕಲಿಯೊಂದು ಮಲಗಿರುವುದು ಗೊತ್ತಾಗಿ ಇನ್ನೂ ವಾರ ತುಂಬಿರಲಿಲ್ಲ. ಮುದುಕಿ ಎಂದರೆ ಹಳೆಯ ಕೀಲಿಹಾರ್ಪ. ಪಟ್ಟಿಯನ್ನು ಕೊರಳಿಗೆ ಹಾಕಿಕೊಂಡು, ಎಡಗೈಯಲ್ಲಿ ಮರದ ಕೀಲಿಗಳನ್ನು ಒತ್ತುತ್ತ, ಬಲಗೈಯಲ್ಲಿ ಕಮಾನು ಎಳೆದು ನುಡಿಸುವ ವಾದ್ಯ. ಇದಕ್ಕಿಂತ ಹಳೆಯದು ದೇಶದಲ್ಲೇ ಇಲ್ಲವೆಂಬ ಹೆಮ್ಮೆ ಊರಿನದು. ರುನೋನ ನಾಲ್ಕನೇ ಸಂಪುಟದಲ್ಲಿಯೂ ಒಬ್ಬ ಕಳ್ಳ ಇಂಥದೇ ಹಾರ್ಪವನ್ನು ಇಂಥದೇ ನಕಲಿಯಿಟ್ಟು ಲಪಟಾಯಿಸುತ್ತಾನೆ. ಊರಿಗೆ ಇನ್ನೇನು ಬೇಕು? ಇವತ್ತಿನ ವಾರ್ಷಿಕ ಮೇಳದಲ್ಲಿ ರುನೋ ಹೊಸ ಸಂಪುಟದಿಂದ ಓದಬೇಕಿತ್ತು. ಅದನ್ನು ರದ್ದು ಮಾಡಬೇಕೆಂದು ಮೇಳದ ಸಮಿತಿ ಬೆಳಿಗ್ಗೆಯಿಂದ ಪಟ್ಟು ಹಿಡಿದಿತ್ತು.

ವಿವೆಕಾಳ ಸರದಿ ಬಂತು. ನಾಲ್ಕನೇ ಸಂಪುಟವನ್ನು ಮುಂದಿಟ್ಟಳು.

"ಹೆಸರು?" ರುನೋ ತಲೆಯೆತ್ತಲಿಲ್ಲ.

"ಇನ್‌ಸ್ಪೆಕ್ಟರ್ ರೂಸ್ವಾಲ್ ಅಂತ ಬರೀರಿ."

ಪೆನ್ನು ನಿಂತಿತು. ಆಮೇಲೆ ಅವನ ಗಡ್ಡದ ತುಂಬ ನಗು ಹರಡಿತು. ಉಪ್ಸಾಲಾ ನಗರದಿಂದ ಪೊಲೀಸರು ಬಂದಿದ್ದಾರೆಂದು ಕೇಳಿದಾಗಿನಿಂದ ಕಾಯುತ್ತಿದ್ದೆ, ಇಷ್ಟು ಹೊತ್ತು ಮಾಡಿದಿರಲ್ಲ ಎಂದು ಆಕ್ಷೇಪಿಸಿದ.

"ಕದ್ದೋರು ನೀವೇನಾ?"

"ಅಲ್ಲ. ಅಲ್ಲ ಅನ್ನೋಕೆ ಸ್ವಲ್ಪ ಬೇಜಾರೇ. ಕದ್ದಿದ್ರೆ ಐದನೇ ಸಂಪುಟಕ್ಕೆ ಒಂದು ಒಳ್ಳೇ ಅಧ್ಯಾಯ ಸಿಕ್ತಿತ್ತು."

ವಿವೆಕಾ ಮೂಲೆ ಮಡಿಸಿಟ್ಟಿದ್ದ ಪುಟ ತೆರೆದಳು. ಬಸ್ಸಿನಲ್ಲಿ ಬರುತ್ತ ಓದಿದ್ದಳು. ಓದುತ್ತ ಇಳಿಯಬೇಕಾದ ನಿಲ್ದಾಣವನ್ನೂ ದಾಟಿಬಿಟ್ಟಿದ್ದಳು. ಆದರೆ ಅದನ್ನು ಈ ಮನುಷ್ಯನಿಗೆ ಹೇಳುವ ಅಗತ್ಯವಿರಲಿಲ್ಲ. ಆ ಪುಟದಲ್ಲಿ ಕಳ್ಳ ಕತ್ತಲೆಯಲ್ಲಿ ಹಾರ್ಪವನ್ನು ತಡವುತ್ತಾನೆ. ಅದರ ಕೆಳತುದಿಯ ಬಾಲದ ಅಂಚಿನಲ್ಲಿ ಮಗುವೊಂದು ಕಚ್ಚಿದ ಹಲ್ಲಿನ ಗುರುತು ಬೆರಳಿಗೆ ತಾಕಿ, ಇದೇ ಅಸಲಿ ಎಂದು ಖಾತ್ರಿ ಮಾಡಿಕೊಳ್ಳುತ್ತಾನೆ.

"ಈ ಹಲ್ಲಿನ ಗುರುತು ನಿಮ್ಮ ಕಲ್ಪನೇನಾ?"

ರುನೋ ಪೆನ್ನಿಗೆ ಮುಚ್ಚಳ ಹಾಕಿದ. ಈ ಪ್ರಶ್ನೆಯನ್ನು ಇಷ್ಟು ವರ್ಷದಲ್ಲಿ ಯಾರೂ ಕೇಳಿರಲಿಲ್ಲ ಎಂದ. ಅವನ ಅಜ್ಜಿ ಕಬ್ಬಿಣದ ಕಾರ್ಖಾನೆಯ ಶಾಲೆಯಲ್ಲಿ ಕಸ ಗುಡಿಸುತ್ತಿದ್ದಳು. ಆ ಕಾಲಕ್ಕೆ ಮುದುಕಿಗೆ ಗಾಜಿನ ಪೆಟ್ಟಿಗೆಯೂ ಇಲ್ಲ, ಬೀಗವೂ ಇಲ್ಲ. ಒಲೆಯ ಪಕ್ಕದ ಮೊಳೆಗೆ ತೂಗುಬಿದ್ದಿರುತ್ತಿದ್ದಳು. ಯಾವ ಮಗು ಬೇಕಾದರೂ ಇಳಿಸಿಕೊಳ್ಳಬಹುದಿತ್ತು. ಹಲ್ಲು ಬರುವ ವಯಸ್ಸಿನ ಯಾವುದೋ ಕೂಸು ಬಾಲವನ್ನು ಕಚ್ಚಿ ಗುರುತು ಮಾಡಿತ್ತು. ಗುಡಿಸುವಾಗಲೆಲ್ಲ ಅಜ್ಜಿ ಅದರ ಮೇಲೆ ಬೆರಳಾಡಿಸುತ್ತಿದ್ದಳಂತೆ.

"ನಾಲ್ಕೂ ಸಂಪುಟದಲ್ಲಿ ಅದೊಂದೇ ನಿಜ ಇನ್‌ಸ್ಪೆಕ್ಟರೇ. ಮಿಕ್ಕಿದ್ದೆಲ್ಲ ನನ್ನ ಬುರುಡೆ."

ನೀವು ಕಣ್ಣಾರೆ ಕಂಡಿದ್ದೀರಾ ಎಂದಳು. ಇಲ್ಲ, ತಾನು ಹುಟ್ಟುವ ಹೊತ್ತಿಗೆ ಮುದುಕಿ ಗಾಜಿನೊಳಗೆ ಸೇರಿಕೊಂಡಿದ್ದಳು. ಒಮ್ಮೆ ಮಾರ್ಗಿಟ್ ವಾಲ್ಮೋಳ ಉಪನ್ಯಾಸದಲ್ಲಿ ಎದ್ದು ನಿಂತು ಹಲ್ಲಿನ ಗುರುತಿನ ಬಗ್ಗೆ ಕೇಳಿದ್ದ. ಕೀಲಿಹಾರ್ಪಗಳ ಚರಿತ್ರೆಯನ್ನೇ ಬರೆದ ವಿದ್ವಾಂಸೆ ಆಕೆ; ಮುದುಕಿಗೆಂದೇ ಒಂದು ಅಧ್ಯಾಯ ಮೀಸಲಿಟ್ಟಿದ್ದಾಳೆ. ಅದು ನಿಮ್ಮ ಕೆರೆಭೂತದ ಹಲ್ಲಿರಬೇಕು ನೋಡಿ ಎಂದು ಸಭೆಯೆಲ್ಲ ನಗುವಂತೆ ಮಾಡಿ ಅವನನ್ನು ಕೂರಿಸಿಬಿಟ್ಟಿದ್ದಳು. ಈ ವಾರ ಪೆಟ್ಟಿಗೆಯಲ್ಲಿರುವುದು ನಕಲಿ ಎಂದು ಮೊದಲು ಕಂಡುಹಿಡಿದವಳೂ ಆಕೆಯೇ. ಕಳ್ಳ ಯಾರಿರಬಹುದು ಎಂದು ಪತ್ರಿಕೆಯವರು ಕೇಳಿದಾಗ, ನಾಲ್ಕನೇ ಸಂಪುಟ ಓದಿ ಎಂದು ಹೇಳಿದವಳೂ ಆಕೆಯೇ.

ರುನೋ ಪುಸ್ತಕವನ್ನು ಮರಳಿಸಿದ. ಒಳಪುಟದಲ್ಲಿ 'ಇನ್‌ಸ್ಪೆಕ್ಟರ್ ರೂಸ್ವಾಲ್ ಅವರಿಗೆ, ಸಂಶಯಪೂರ್ವಕ' ಎಂದಿತ್ತು.

ಹೊರಗೆ ಕಾನ್‌ಸ್ಟೆಬಲ್ ಸ್ಟೂರೆ ಸಾಸೇಜು ತಿನ್ನುತ್ತ ನಿಂತಿದ್ದ. ಈ ಊರಿನವನೇ. ಮೇಳದ ದಿನವಾದ್ದರಿಂದ ಹಳೆಯ ಕಾಲದವರಂತೆ ಮೊಣಕಾಲುದ್ದದ ಹಳದಿ ಚಲ್ಲಣ, ಕೆಂಪು ಗೊಂಡೆ, ಕಸೂತಿಯ ನಡುವಂಗಿ ತೊಟ್ಟು, ಅದರ ಮೇಲೆ ಪೊಲೀಸ್ ಬಿಲ್ಲೆ ಸಿಕ್ಕಿಸಿಕೊಂಡಿದ್ದ. ಬೆನ್ನಿಗೆ ಅವನ ಸ್ವಂತ ಹಾರ್ಪ ಬೇರೆ. ಡ್ಯೂಟಿಯಲ್ಲಿರುವವರೆಗೆ ನುಡಿಸಕೂಡದೆಂದು ವಿವೆಕಾ ಹೇಳಿದ್ದಳು. ಸುತ್ತಲೂ ಬರ್ಚ್ ಮರಗಳ ಕೆಳಗೆ, ಕಾರುಗಳ ಹಿಂದೆ, ಕಾಫಿ ಅಂಗಡಿಯ ಬಳಿ ಗುಂಪು ಗುಂಪಾಗಿ ಜನ ನುಡಿಸುತ್ತಿದ್ದರೆ ಸ್ಟೂರೆಯ ಕಾಲು ತಾನಾಗಿ ತಾಳ ಹಾಕುತ್ತಿತ್ತು. ಸಂಗೀತದ ಗಂಧಗಾಳಿಯಿಲ್ಲದ ವಿವೆಕಾಳಿಗೆ ಎಲ್ಲ ಗುಂಪೂ ಒಂದೇ ಹಾಡು ನುಡಿಸುತ್ತಿರುವಂತೆ ಕೇಳುತ್ತಿತ್ತು.

"ಮಾರ್ಗಿಟ್ ಬರೆದ ಪುಸ್ತಕ ನಿಮ್ಹತ್ರ ಇದೆಯಾ?" ಎಂದಳು.

"ಈ ಊರಲ್ಲಿ ಬೈಬಲ್ ಇಲ್ಲದ ಮನೆ ಇರಬಹುದು ಬಾಸ್, ಆ ಪುಸ್ತಕ ಇಲ್ಲದ ಮನೆ ಇಲ್ಲ."

ಸಂಗೀತ ಮನೆಯೆಂದರೆ ಅಜ್ಜಿ ಗುಡಿಸುತ್ತಿದ್ದ ಆ ಹಳೆಯ ಶಾಲೆಯೇ. ಬಾಗಿಲಿಗೆ ಅಂಟಿಸಿದ್ದ ಪೊಲೀಸ್ ಪಟ್ಟಿ ಬಿಚ್ಚಿ ಒಳಹೋದರು. ದಕ್ಷಿಣದ ದೊಡ್ಡ ಕಿಟಕಿಗಳಿಂದ ಜೂನಿನ ಬಿಸಿಲು ಧಾರಾಳವಾಗಿ ಸುರಿದು ಗಾಜಿನ ಪೆಟ್ಟಿಗೆಯ ಮೇಲೆ ಬಿದ್ದಿತ್ತು. ಒಳಗೆ ನಕಲಿ ಹಾರ್ಪ, ಅದರ ಹೊಟ್ಟೆಯ ಮೇಲೆ ಅಡ್ಡಡ್ಡ ಮಲಗಿಸಿದ ಕಮಾನು. ಬೆರಳಚ್ಚಿನವರು ಬಂದು ಗಾಜು, ಬೀಗ, ಚೌಕಟ್ಟು ಎಲ್ಲವನ್ನೂ ನೋಡಿಹೋಗಿದ್ದರು. ನಕಲಿಯನ್ನು ಮಾತ್ರ ಯಾರೂ ಸರಿಯಾಗಿ ನೋಡಿರಲಿಲ್ಲ; ಕಳವಾದದ್ದು ಅದಲ್ಲವಲ್ಲ!

ವಿವೆಕಾ ಮಾರ್ಗಿಟ್‌ಳ ಪುಸ್ತಕ ತೆರೆದು ಮುದುಕಿಯ ಅಧ್ಯಾಯವನ್ನು ಹಾರ್ಪದ ಪಕ್ಕ ಹಿಡಿದಳು. ಎಂಥ ಶ್ರದ್ಧೆಯಿಂದ ಬರೆದಿದ್ದಳು ಮಾರ್ಗಿಟ್! ಮೇಣದ ಬತ್ತಿ ತಾಗಿದ ಕಲೆ, ಅಂಚಿನ ಕೂದಲೆಳೆಯಂಥ ಬಿರುಕು, ಚಾಕುವಿನಿಂದ ಯಾರೋ ಕೆತ್ತಿದ ಅಕ್ಷರ, ಒಂದನ್ನೂ ಬಿಟ್ಟಿರಲಿಲ್ಲ. ಅವೆಲ್ಲ ನಕಲಿಯ ಮೇಲೂ ಇದ್ದವು. ಹಲ್ಲಿನ ಗುರುತು ಮಾತ್ರ ಪುಸ್ತಕದಲ್ಲೂ ಇಲ್ಲ, ನಕಲಿಯಲ್ಲೂ ಇಲ್ಲ.

"ರುನೋನ ಅಜ್ಜಿ ಸುಳ್ಳು ಹೇಳ್ತಿದ್ರಾ?"

ಸ್ಟೂರೆಗೆ ನೋವಾಯಿತು. ಆ ಅಜ್ಜಿ ಸಾಯುವತನಕ ಒಂದು ಸುಳ್ಳು ಹೇಳಿದವಳಲ್ಲ, ಅದಕ್ಕೇ ಅವಳನ್ನು ಯಾರೂ ಊಟಕ್ಕೆ ಕರೆಯುತ್ತಿರಲಿಲ್ಲ ಎಂದ.

ವಿವೆಕಾ ಕೈಗವಸು ಹಾಕಿಕೊಂಡಳು. ಯಾಕೆಂದು ಆಮೇಲೆ ಕೇಳಿದ್ದರೆ ಹೇಳಲು ಅವಳಿಗೂ ಗೊತ್ತಾಗುತ್ತಿರಲಿಲ್ಲ. ಪೆಟ್ಟಿಗೆ ತೆರೆದು, ಹಾರ್ಪದ ಮೇಲಿನ ಕಮಾನನ್ನು ಎರಡು ಬೆರಳಲ್ಲಿ ಎತ್ತಿದಳು.

ಕಮಾನು ಮಲಗಿದ್ದ ಜಾಗದಲ್ಲಿ ಇನ್ನೊಂದು ಕಮಾನು ಮಲಗಿತ್ತು. ಕಡುಕಂದು ಬಣ್ಣದ ಕಮಾನಿನ ನೆರಳು. ಹಾರ್ಪದ ಮೈಯೆಲ್ಲ ಬಿಸಿಲಿಗೆ ಬಿಳಿಚಿ ಜೇನಿನ ಬಣ್ಣಕ್ಕೆ ತಿರುಗಿದ್ದರೆ, ಕಮಾನು ಮುಚ್ಚಿದ್ದ ಪಟ್ಟೆಯಷ್ಟೇ ಹಳೆಯ ವಾರ್ನಿಷನ್ನು ಉಳಿಸಿಕೊಂಡಿತ್ತು.

ವಿವೆಕಾಳಿಗೆ ಮನೆಯ ಜಗಳವೊಂದು ನೆನಪಾಯಿತು. ಈ ವಸಂತದಲ್ಲಿ ಮನೆಯ ಸೋಫಾ ಸರಿಸಿದಾಗ, ಕೆಳಗಿನ ಜಮಖಾನ ಹೊಸದರಂತೆ ಕೆಂಪಗೆ ಕಂಡು, ಸುತ್ತಲಿನದೆಲ್ಲ ಬೂದಿಯಂತಾಗಿದ್ದಕ್ಕೆ ಅವಳಿಗೂ ಗಂಡನಿಗೂ ಜಗಳವಾಗಿತ್ತು. ಹಾಗೆ ಬಣ್ಣ ಹೋಗಲು ಎಷ್ಟು ಬೇಸಿಗೆ ಬೇಕು ಎಂಬುದೇ ಜಗಳದ ವಿಷಯ.

ಸ್ಟೂರೆ ಮೆಲ್ಲಗೆ ಸಿಳ್ಳೆ ಹಾಕಿದ. "ಬಾಸ್, ಇದು ಈ ವಾರ ಬಂದು ಮಲಗಿದ್ದಲ್ಲ."

"ಅಲ್ಲ. ವರ್ಷಗಟ್ಟಲೆಯಿಂದ ಇಲ್ಲೇ ಇದೆ. ಮಾರ್ಗಿಟ್ ಒಂದೊಂದೇ ಕಲೆ ನೋಡಿ ಬರ್ಕೊಂಡಾಗ್ಲೂ ಇದೇ ಇತ್ತು."

"ಹಂಗಾದ್ರೆ ಅವ್ರು ಇಷ್ಟು ವರ್ಷ ಹೊಗಳಿದ್ದು..." ಎಂದ ಸ್ಟೂರೆ. ಮಾರ್ಗಿಟ್ ಅವನ ಮಕ್ಕಳಿಗೆ ಸ್ವರ ಹೇಳಿಕೊಟ್ಟವಳು.

ಮಾರ್ಗಿಟ್ ವಾಲ್ಮೋ ಹಳೆಯ ಕಮ್ಮಾರಶಾಲೆಯ ಹಿಂದೆ, ಕೊಳದ ಕಡೆ ಮುಖ ಮಾಡಿದ ಬೆಂಚಿನ ಮೇಲೆ ಸಿಕ್ಕಿದಳು. ಆಗಷ್ಟೇ ಉಪನ್ಯಾಸ ಮುಗಿಸಿ ಬಂದಿದ್ದಳು. ಎತ್ತರದ ಹೆಂಗಸು, ಬೆಳ್ಳಿ ಜಡೆ, ಸರಪಣಿಗೆ ಸಿಕ್ಕಿಸಿದ ಕನ್ನಡಕ. ಗಂಡ ಕಾಫಿ ತರಲು ಹೋಗಿದ್ದಾನೆ, ನೀವೂ ಕುಡಿಯಿರಿ ಎಂದು ಜಾಗ ಮಾಡಿಕೊಟ್ಟಳು. ಸ್ಟೂರೆ ಕೂರಲಿಲ್ಲ.

ನಕಲಿ ಎಂದು ಗೊತ್ತಾದದ್ದು ಹೇಗೆ ಎಂದು ವಿವೆಕಾ ಇನ್ನೊಮ್ಮೆ ಕೇಳಿದಳು. ಮಾರ್ಗಿಟ್ ಹೇಳಿಕೆಯಲ್ಲಿದ್ದದ್ದನ್ನೇ ಹೇಳಿದಳು. ಪುಸ್ತಕದ ಹೊಸ ಆವೃತ್ತಿಗೆ ಚಿತ್ರ ತೆಗೆಯಲು ಹೋಗಿದ್ದಳು. ಹಾರ್ಪದ ಹೊಟ್ಟೆಯ ತೂತಿನಲ್ಲಿ ಪುಟ್ಟ ಕನ್ನಡಿ, ದೀಪ ಇಳಿಸಿದಳು. ಆ ಕಾಲದವರು ಒಂದೇ ದಿಮ್ಮಿಯನ್ನು ಉಳಿಯಿಂದ ತೋಡಿ ಮಾಡುತ್ತಿದ್ದರು. ಇದರೊಳಗೆ ಕಂಡದ್ದು ಕರೆಂಟಿನ ಬೈರಿಗೆ ಕೊರೆದ ದುಂಡು ಗುರುತುಗಳು.

"ಕನ್ನಡಿ ಹಾಕಿ ನೋಡಿದ್ದು ಅದೇ ಮೊದಲಾ?"

"ಹೌದು. ಹಿಂದೆ ನಾನು ಅಳತೆ ತಗೊಳ್ಳೋವಾಗ ಒಳಗೆ ಏನೂ ತೂರಿಸಬಾರ್ದು ಅಂತ ಸಂಗೀತ ಮನೆಯ ಟ್ರಸ್ಟಿನವರ ಕಟ್ಟಪ್ಪಣೆ."

"ಕಮಾನು ಎತ್ತಿ ನೋಡಿದ್ರಾ?"

"ಕಮಾನಾ? ಅದರಲ್ಲೇನಿದೆ ನೋಡೋಕೆ?"

ವಿವೆಕಾ ಹೇಳಿದಳು. ಕಂದು ಪಟ್ಟೆಯ ಬಗ್ಗೆ, ಬಿಸಿಲಿನ ಬಗ್ಗೆ. ಸೋಫಾದ ಸಂಗತಿಯನ್ನೂ ಬಿಡಲಿಲ್ಲ. ಮಾರ್ಗಿಟ್ ಕೊಳದಲ್ಲಿ ತೇಲುತ್ತಿದ್ದ ಬಾತುಗಳನ್ನೇ ನೋಡುತ್ತ ಕೇಳಿದಳು. ಕೊನೆಗೆ ಕನ್ನಡಕ ತೆಗೆದು ಮಡಿಲಲ್ಲಿಟ್ಟುಕೊಂಡಳು. ಕನ್ನಡಕವಿಲ್ಲದ ಅವಳ ಮುಖ ತೀರ ಹುಡುಗಿಯದರಂತೆ ಕಂಡಿತು.

"ಚರಿತ್ರೆ ಬರೆಯೋಳು ಕಮಾನಿನ ಕೆಳಗೆ ನೋಡ್ಬೇಕಿತ್ತು," ಎಂದಳು.

"ಕನ್ನಡಿ ಹಾಕಿದಾಗ್ಲೇ ನಿಮಗೆ ಗೊತ್ತಾಗಿತ್ತಲ್ವಾ? ಇದು ಹಳೇ ಮೋಸ ಅಂತ."

"ಆ ಕ್ಷಣಾನೇ ಗೊತ್ತಾಯ್ತು. ನಾನು ಬರ್ಕೊಂಡಿದ್ದ ಒಂದೊಂದು ಕಲೆಯೂ ಅದರ ಮೇಲಿತ್ತಲ್ಲ. ನಕಲಿ ಅನ್ನೋದನ್ನ ಮುಚ್ಚಿಡೋಕೆ ಮನಸ್ಸಾಗಲಿಲ್ಲ. ಆದ್ರೆ ಈ ವಾರ ಬದಲಾಯಿಸಿದಾರೆ ಅಂದ್ರೆ ನನ್ನ ಪುಸ್ತಕ ಉಳಿಯುತ್ತೆ, ಯಾವಾಗಲೋ ಬದಲಾಗಿದೆ ಅಂದ್ರೆ ಪುಸ್ತಕ ಹೋಗುತ್ತೆ. ಅಷ್ಟೇ ಯೋಚನೆ ಮಾಡಿದ್ದು."

"ಅದಕ್ಕೆ ರುನೋನ ಮೇಲೆ ಹಾಕಿದ್ರಿ."

"ಅವನ ಹೆಸರು ನಾನು ಎತ್ತಲಿಲ್ಲ."

"ನಾಲ್ಕನೇ ಸಂಪುಟ ಓದಿ ಅಂದ್ರಿ."

ಮಾರ್ಗಿಟ್ ತಲೆ ತಗ್ಗಿಸಿದಳು. "ಅಂದೆ. ಹಲ್ಲಿನ ಗುರುತಿನ ವಿಷಯ ಕೇಳಿದಾಗ್ಲೂ ಎಲ್ಲರೆದುರು ಅವನನ್ನ ಆಡ್ಕೊಂಡಿದ್ದೆ. ಅದು ಅವನ ಅಜ್ಜಿ ಹೇಳಿದ್ದು ಅಂತ ನಂಗೆ ಗೊತ್ತಿತ್ತು. ಕಸ ಗುಡಿಸೋಳ ಮಾತು ಅಂತ ಬಿಟ್ಟುಬಿಟ್ಟೆ."

ವಿವೆಕಾಳಿಗೆ ಅವಳನ್ನು ಗದರಿಸುವ ಮನಸ್ಸಾಗಲಿಲ್ಲ. ಸುಳ್ಳು ದೂರು ಕೊಟ್ಟದ್ದಕ್ಕೆ ಏನಾಗುತ್ತದೆಂಬುದನ್ನು ಆಮೇಲೆ ನೋಡೋಣ, ಮೊದಲು ಸಮಿತಿಗೆ ಹೋಗಿ ನಿಜ ಹೇಳಿ, ರುನೋ ಇವತ್ತು ಓದಲಿ, ಆ ಮಕ್ಕಳು ನಿಲುವಂಗಿ ಹೊಲಿಸಿಕೊಂಡು ಬಂದಿದ್ದಾರೆ ಎಂದಳು. ಮಾರ್ಗಿಟ್ ಆಗಲಿ ಎಂಬಂತೆ ತಲೆಯಾಡಿಸಿದಳು, ಎದ್ದೇಬಿಟ್ಟಳು ಕೂಡ.

"ಇನ್ನೊಂದು ಪ್ರಶ್ನೆ. ನಿಮ್ಮನ್ನೇ ಮೋಸಗೊಳಿಸೋ ಅಂಥ ನಕಲಿ ಮಾಡೋ ಕೈ ಈ ಸೀಮೇಲಿ ಯಾರ್ದಿದೆ?"

ಮಾರ್ಗಿಟ್‌ಳ ಕಾಲು ಅಲ್ಲೇ ನಿಂತಿತು. ಜೀವಮಾನವಿಡೀ ಪ್ರಶ್ನೆಗಳನ್ನೇ ಕೇಳಿಕೊಂಡು ಬಂದವಳು ಈ ವಾರವೆಲ್ಲ ಈ ಒಂದು ಪ್ರಶ್ನೆಯನ್ನು ಯಾಕೆ ಕೇಳಿಕೊಂಡಿರಲಿಲ್ಲವೆಂದು ವಿವೆಕಾಳಿಗೆ ಆಗ ಅರ್ಥವಾಯಿತು.

ಕಮ್ಮಾರಶಾಲೆಯ ಮೂಲೆ ತಿರುಗಿ ಎಲೋಫ್ ವಾಲ್ಮೋ ಬಂದ. ಒಂದು ಕೈಯಲ್ಲಿ ಕಾಫಿ ಫ್ಲಾಸ್ಕು, ಇನ್ನೊಂದರಲ್ಲಿ ಏಲಕ್ಕಿ ಬನ್ನುಗಳ ತಟ್ಟೆ. ಉಪ್‌ಲಾಂಡ್ ಸೀಮೆಯಲ್ಲೇ ಹೆಸರಾದ ಹಾರ್ಪ ತಯಾರಕ. ಮದುವೆಗೆ ಮುಂಚಿನಿಂದಲೂ ಸಂಗೀತ ಮನೆಯ ಬೀಗದ ಕೈ ಅವನ ಬಳಿಯೇ.

ಹೆಂಡತಿಯ ಮಡಿಲಿಂದ ಜಾರಿ ಸರಪಣಿಯಲ್ಲಿ ತೂಗುತ್ತಿದ್ದ ಕನ್ನಡಕವನ್ನು ನೋಡಿದ. ವಿವೆಕಾಳ ತೊಡೆಯ ಮೇಲಿದ್ದ ಪುಸ್ತಕವನ್ನು ನೋಡಿದ. ತಟ್ಟೆಯನ್ನು ಬೆಂಚಿನ ಮೇಲಿಟ್ಟ.

"ಗೊತ್ತಾಯ್ತಾ?" ಕೇಳಿದ್ದು ಹೆಂಡತಿಯನ್ನು.

"ನೀನಾ ಎಲೋಫ್?"

"ನಾನೇ."

ಆಮೇಲೆ ಅವನು ಹೇಳಿದ್ದನ್ನು ಯಾರೂ ತಡೆಯಲಿಲ್ಲ. ಆ ದಕ್ಷಿಣದ ಕಿಟಕಿಯ ಬಿಸಿಲಿಗೆ ಮುದುಕಿ ಒಣಗಿ ಬಿರುಕು ಬಿಡುತ್ತಿದ್ದಳು. ಒಂದು ಪರದೆ ಹಾಕಿಸಿ ಎಂದು ಟ್ರಸ್ಟಿನವರನ್ನು ಬೇಡಿಕೊಂಡ. ಮುಂದಿನ ಸಭೆಯಲ್ಲಿ ನೋಡೋಣ ಎಂದರು. ಆ ಸಭೆಯಲ್ಲೂ ಹಾಗೇ ಎಂದರು. ಆಗ ಅವನು ಚಳಿಗಾಲವೆಲ್ಲ ಕೂತು ನಕಲಿಯೊಂದನ್ನು ಮಾಡಿದ. ಕೊನೆಗೊನೆಗೆ ಅವಸರವಾಗಿ, ಒಳಗೆ ಯಾರು ನೋಡುತ್ತಾರೆಂದು ಬೈರಿಗೆ ಹಾಕಿದ. ವಸಂತ ಬಂದಾಗ ಅದನ್ನು ಪೆಟ್ಟಿಗೆಯಲ್ಲಿ ಮಲಗಿಸಿ, ಮುದುಕಿಯನ್ನು ತನ್ನ ಮನೆಯ ತಂಪಿಗೆ ತಂದುಕೊಂಡ. ಮುಂದಿನ ಸಭೆಯಲ್ಲಿ ಹೇಳಿಬಿಡಬೇಕೆಂದೇ ಇದ್ದ. ಆದರೆ ಸಭೆಗೆ ಮುಂಚೆ ಸ್ಟಾಕ್‌ಹೋಮ್ ಬಸ್ಸಿನಿಂದ ಹೊನ್ನಿನ ಬಣ್ಣದ ಜಡೆಯ ಹುಡುಗಿಯೊಬ್ಬಳು ಅಳತೆಯ ಟೇಪು ಹಿಡಿದುಕೊಂಡು ಇಳಿದಳು.

"ನಿಜ ಹೇಳಿದ್ರೆ ಟ್ರಸ್ಟಿನವ್ರು ನನ್ನ ಕೈಯಿಂದ ಬೀಗದ ಕೈ ಕಿತ್ಕೊಳ್ತಿದ್ರು. ನೀನು ಮಧ್ಯಾಹ್ನದ ಬಸ್ಸಿಗೇ ವಾಪಸ್ ಹೋಗ್ತಿದ್ದೆ, ಮಾರ್ಗಿಟ್."

"ಆಮೇಲಾದ್ರೂ ಹೇಳಬಹುದಿತ್ತು."

"ಆಮೇಲೆ ಮದುವೆ ಆಯ್ತು. ಅದಾದ್ಮೇಲೆ ಪುಸ್ತಕ ಬಂತು. ಪುಸ್ತಕ ಬಂದ್ಮೇಲೆ ಹೇಗೆ ಹೇಳೋದು?"

ಮಾರ್ಗಿಟ್ ಮತ್ತೆ ಬೆಂಚಿನ ಮೇಲೆ ಕೂತಳು. ತಟ್ಟೆಯಿಂದ ಒಂದು ಬನ್ನು ತೆಗೆದುಕೊಂಡು, ಯಾರ ಮೇಲೋ ಸೇಡು ತೀರಿಸಿಕೊಳ್ಳುವಂತೆ ಕಚ್ಚಿದಳು. ಸಿಟ್ಟು ಬಂದರೆ ತಿನ್ನುವ ಸ್ವಭಾವ ಅವಳದು. ಎಲೋಫ್ ಅದನ್ನು ಬಲ್ಲವನಾದ್ದರಿಂದ ತಟ್ಟೆಯನ್ನು ಅವಳತ್ತ ಸರಿಸಿದ.

"ಟೇಪಿನ ಆ ತುದಿ ಹಿಡ್ಕೊಂಡಿದ್ದೋನು ನೀನು."

"ಹೌದು."

"ಪುಸ್ತಕಾನ ನಿಂಗೇ ಅರ್ಪಿಸಿದೀನಿ."

"ಹೌದು ಮಾರ್ಗಿಟ್. ಆ ಪುಟ ನಾನಿನ್ನೂ ತೆರೆದು ನೋಡೋಕಾಗಿಲ್ಲ."

ಸ್ಟೂರೆ ಬಾತುಗಳ ಕಡೆ ತಿರುಗಿ ನಿಂತ. ಮುದುಕಿ ಈಗೆಲ್ಲಿ ಎಂದು ವಿವೆಕಾ ಕೇಳಿದಳು. ಮನೆಯ ನೆಲಮಾಳಿಗೆಯಲ್ಲಿ, ಆಲೂಗಡ್ಡೆ ಮೂಟೆಯ ಪಕ್ಕ, ಉಣ್ಣೆಯ ಕಂಬಳಿ ಹೊದ್ದು ಎಂದ ಎಲೋಫ್. ಆ ಮೂಟೆಯ ಆಲೂಗಡ್ಡೆಯನ್ನು ಅಷ್ಟು ವರ್ಷ ತಾನೇ ಇಳಿದು ತಂದು ಬೇಯಿಸಿದವಳು ಮಾರ್ಗಿಟ್. ಅವಳು ಎರಡನೇ ಬನ್ನು ಎತ್ತಿಕೊಂಡಳು.

ಹಾಗಾದರೆ ಕಳವೂ ಇಲ್ಲ, ಕಳ್ಳನೂ ಇಲ್ಲ. ಸ್ಟೂರೆಯ ಮುಖ ಅರಳಿತು. ಇನ್ನೇನು ಮೈದಾನದಲ್ಲಿ ಎಲ್ಲರೂ ಸೇರಿ ನುಡಿಸುವ ಹೊತ್ತು. ಅವನು ಬೆನ್ನ ಮೇಲಿನ ಹಾರ್ಪವನ್ನು ಮುಂದಕ್ಕೆ ತಂದು ಕಮಾನಿನ ಕೂದಲು ಬಿಗಿ ಮಾಡತೊಡಗಿದ.

"ಮುಗೀತಲ್ಲ ಬಾಸ್?"

"ಮುಗೀಲಿಲ್ಲ," ಎಂದ ಎಲೋಫ್.

ಅವನು ಹೆಂಡತಿಯ ಮುಖ ನೋಡದೆ ಹೇಳಿದ. ಹೋದ ವರ್ಷ ಚಳಿಗಾಲದಲ್ಲಿ, ಕೆಲಸದ ಕೊಟ್ಟಿಗೆಯಲ್ಲಿ ಕೂತು ರುನೋನ ನಾಲ್ಕನೇ ಸಂಪುಟ ಓದುತ್ತಿದ್ದ.

"ನೀನು ರುನೋನ ಪುಸ್ತಕ ಓದ್ತೀಯಾ?" ಮಾರ್ಗಿಟ್‌ಳ ದನಿಯಲ್ಲಿ ಈಗಿದ್ದಷ್ಟು ನೋವು ಮೊದಲಿರಲಿಲ್ಲ.

"ನಾಲ್ಕೂ ಓದಿದೀನಿ. ಅಂಟಿನ ಡಬ್ಬಗಳ ಹಿಂದೆ ಇಟ್ಟಿರ್ತೀನಿ."

ಓದುತ್ತ ಹಲ್ಲಿನ ಗುರುತಿನ ಪುಟಕ್ಕೆ ಬಂದ. ರುನೋನ ಅಜ್ಜಿಯ ಬಾಯಲ್ಲಿ ಸುಳ್ಳು ಬರುವುದಿಲ್ಲವೆಂದು ಅವನಿಗೂ ಗೊತ್ತು. ಪುಸ್ತಕ ಮಗುಚಿ ನೆಲಮಾಳಿಗೆಗೆ ಇಳಿದ. ಕಂಬಳಿ ಸರಿಸಿ ಬಾಲದ ಅಂಚನ್ನು ತಡವಿದ. ನುಣ್ಣಗಿತ್ತು. ಹಿಂದೆ ಮುಂದೆ, ಮೇಲೆ ಕೆಳಗೆ ಎಲ್ಲೂ ಹಲ್ಲು ತಾಗಿರಲಿಲ್ಲ. ಆಗ ಕನ್ನಡಿ ತಂದು ಹೊಟ್ಟೆಯೊಳಗೆ ಇಳಿಸಿದ. ಉಳಿಯ ಕೆಲಸ ಬಹಳ ಚೆನ್ನಾಗಿತ್ತು, ತನ್ನದಕ್ಕಿಂತ ಎಷ್ಟೋ ಮೇಲು. ಒಂದು ಮೂಲೆಯಲ್ಲಿ ಕಾಗೆಯ ಕಾಲಿನಂಥ ಪುಟ್ಟ ಗುರುತು ಕೆತ್ತಿತ್ತು.

"ಇಷ್ಟು ವರ್ಷ ನಾನು ಕಾಪಾಡಿದ್ದೂ ನಕಲೀನೇ. ಕಾಗೆ ಕಾಲು ನಮ್ಮಪ್ಪನ ಗುರುತು."

ಕೊಳದಲ್ಲಿ ಬಾತೊಂದು ಮುಳುಗಿ ಎದ್ದಿತು. ಸ್ಟೂರೆ ಕಮಾನಿನ ಕೂದಲನ್ನು ಮತ್ತೆ ಸಡಿಲ ಮಾಡಿದ.

"ಅಪ್ಪನ್ನ ಕೇಳಲಿಲ್ವಾ ನೀವು?" ಎಂದಳು ವಿವೆಕಾ.

"ಕೇಳೋಕೆ ಹೋದ್ರೆ ನಂದೂ ಹೇಳ್ಬೇಕಾಗಿತ್ತಲ್ಲ."

ಎಲೋಫ್‌ನ ಅಪ್ಪ ಅಲ್ಬಿನ್ ವಾಲ್ಮೋ ಮೈದಾನದ ಮೊದಲ ಸಾಲಿನಲ್ಲಿ, ಬೆತ್ತದ ಕುರ್ಚಿಯಲ್ಲಿ ಕೂತಿದ್ದ. ಮೇಳದ ಅತ್ಯಂತ ಹಿರಿಯ ವಾದಕನೆಂದು ಸಮಿತಿಯವರು ಕೋಟಿಗೆ ಹೂವಿನ ಗುಚ್ಛ ಸಿಕ್ಕಿಸಿದ್ದರು. ತೊಡೆಯ ಮೇಲೆ ಸ್ಟ್ರಾಬೆರಿ ಕೇಕಿನ ತಟ್ಟೆ. ಕಣ್ಣು ಮಂಜಾಗಿ ಎಷ್ಟೋ ಕಾಲವಾಗಿತ್ತು. ಕಿವಿ ಮಾತ್ರ ಬೆಕ್ಕಿನದು. ಇವರ ಹೆಜ್ಜೆ ಸಪ್ಪಳ ಕೇಳಿಯೇ, ಎಲೋಫ್ ಯಾಕೆ ಕಾಲೆಳೆದುಕೊಂಡು ಬರುತ್ತಿದ್ದಾನೆ ಎಂದು ಸೊಸೆಯನ್ನು ವಿಚಾರಿಸಿದ.

ಮೈದಾನ ತುಂಬುತ್ತಿತ್ತು. ನೂರಾರು ಜನ ಹಾರ್ಪ ಕೊರಳಿಗೆ ಹಾಕಿಕೊಂಡು ಶ್ರುತಿ ಕೂಡಿಸುತ್ತಿದ್ದರು. ಈ ಒಂದು ಸಾಮೂಹಿಕ ವಾದನ ಮುಗಿದರೆ ಜನ ಕಾರು ಹತ್ತುತ್ತಾರೆ, ಸಂಜೆಯೊಳಗೆ ದೇಶದ ಮೂಲೆಮೂಲೆಗೆ ಚದುರುತ್ತಾರೆ.

ವಿವೆಕಾ ಹುಲ್ಲಿನ ಮೇಲೆ ಮಂಡಿಯೂರಿ ತನ್ನ ಹೆಸರು, ಕೆಲಸ ಹೇಳಿಕೊಂಡಳು. ಅಜ್ಜನನ್ನು ಹೆದರಿಸಬಾರದೆಂದು ಸುತ್ತಿ ಬಳಸಿ ಮಾತು ತೆಗೆದಳು: ಬಹಳ ಹಿಂದೆ, ಗಾಜಿನ ಪೆಟ್ಟಿಗೆ ಬಂದ ಕಾಲಕ್ಕೆ, ಮುದುಕಿಯ ಥರದ್ದೇ ಒಂದು ಹಾರ್ಪವನ್ನು ನೀವು ಮಾಡಿದ್ದಿರಂತೆ, ನೆನಪಿದೆಯೇ?

ಅಲ್ಬಿನ್ ಸ್ಟ್ರಾಬೆರಿಯೊಂದನ್ನು ಚಮಚದಿಂದ ಹುಡುಕಿ ಬಾಯಿಗಿಟ್ಟುಕೊಂಡ. ಅವಸರವಿಲ್ಲದೆ ನುಂಗಿದ.

"ಯಾವುದನ್ನ ಕೇಳ್ತಿದೀಯ ಮಗಳೇ? ನಾನು ಮಾಡಿದ್ದು ಮೂರು."

ಎಲೋಫ್ ಅಲ್ಲೇ ಹುಲ್ಲಿನ ಮೇಲೆ ಕೂತುಬಿಟ್ಟ. ಮಾರ್ಗಿಟ್‌ಳ ಕೈ ಅವಳಿಗೆ ತಿಳಿಯದೆಯೇ ಗಂಡನ ಭುಜದ ಮೇಲೆ ಹೋಗಿ ನಿಂತಿತು.

"ಅಸಲಿ ಎಲ್ಲಿದೆ ಅಜ್ಜ?"

"ಗಾಜಿನೊಳಗೆ ಕೂರೋ ಹೆಂಗಸಲ್ಲ ಅವಳು. ಪೆಟ್ಟಿಗೆ ಮಾಡಿಸ್ತೀವಿ ಅಂದಾಗ್ಲೇ ನಂಗೆ ಹೊಟ್ಟೆ ಉರೀತು. ನುಡಿಸೋರ ಕೈಗೆ ಕೊಟ್ಟೆ. ಅವರು ಇನ್ನೊಬ್ಬರ ಕೈಗೆ ಕೊಟ್ಟಿರ್ಬೇಕು." ಅಜ್ಜ ಚಮಚ ನೆಕ್ಕಿದ. "ವರ್ಷಾವರ್ಷ ಬರ್ತಾಳೆ. ಇವತ್ತೂ ಬಂದಿದಾಳೆ. ಬೆಳಿಗ್ಗೆ ಆ ಮರಗಳ ಹಿಂದೆ ನುಡಿಸ್ತಿದ್ರು, ಕೇಳಿಸ್ತು."

"ಯಾರು ನುಡಿಸ್ತಿದ್ದೋರು?"

"ಕಣ್ಣು ಕಾಣದೋನ್ನ ಯಾರು ಅಂತ ಕೇಳ್ತೀಯಲ್ಲ. ಸುಮ್ನೆ ಕೂತ್ಕೋ. ತೋರಿಸ್ತೀನಿ."

ವೇದಿಕೆಯ ಮೇಲೆ ಮುಖ್ಯ ವಾದಕ ಕಮಾನು ಎತ್ತಿದ. ಮೈದಾನದ ತುಂಬ ನೂರಾರು ಕಮಾನುಗಳು ಒಟ್ಟಿಗೆ ಮೇಲೆದ್ದು ಒಟ್ಟಿಗೆ ಇಳಿದವು. ನೆಲ ನಡುಗುವಂತೆ ಹಾಡು ಎದ್ದಿತು. ಅಷ್ಟು ನಾದದಲ್ಲಿ ಒಂದು ದನಿಯನ್ನು ಯಾರಾದರೂ ಹೆಕ್ಕಿ ತೆಗೆಯಬಲ್ಲರೆಂದು ವಿವೆಕಾ ನಂಬಲಿಲ್ಲ. ಪಕ್ಕದಲ್ಲಿದ್ದ ಸ್ಟೂರೆ ಮಾತ್ರ ಅಜ್ಜನ ಕೈಯನ್ನೇ ನೋಡುತ್ತಿದ್ದ.

ಅಲ್ಬಿನ್‌ನ ತೋರುಬೆರಳು ಮೆಲ್ಲಗೆ ಕುರ್ಚಿಯ ತೋಳಿನಿಂದ ಮೇಲೆದ್ದಿತು. ಎಡಕ್ಕೆ ಹೋಯಿತು, ನಿಂತಿತು. ಇನ್ನಷ್ಟು ಎಡಕ್ಕೆ ಸರಿಯಿತು. ಮತ್ತೆ ನಿಲ್ಲಲಿಲ್ಲ, ನಿಧಾನವಾಗಿ, ಒಂದೇ ಸಮನೆ, ಮೈದಾನದ ಅಂಚಿನುದ್ದಕ್ಕೂ ಜರುಗುತ್ತ ಹೋಯಿತು.

"ಅಜ್ಜ, ಯಾಕೆ ಬೆರಳು ನಿಲ್ತಾ ಇಲ್ಲ?"

"ಅವಳು ನಿಂತಿಲ್ಲವಲ್ಲ. ನುಡಿಸ್ತಾ ನುಡಿಸ್ತಾನೇ ನಡೀತಿದಾರೆ."

ವಿವೆಕಾ ಎದ್ದು ನಿಂತಳು. ಬೆರಳಿನ ಜಾಡು ಹಿಡಿದು ನೋಡಿದರೆ ಬರೀ ಟೋಪಿಗಳು, ಭುಜಗಳು, ಏರಿಳಿಯುವ ಕಮಾನುಗಳು. ಅವುಗಳಾಚೆ ರಸ್ತೆಗೆ ತೆರೆದುಕೊಂಡ ಹಳೆಯ ಕಬ್ಬಿಣದ ಗೇಟು.

ಬೆರಳು ಗೇಟಿಗೆ ನೇರವಾಗಿ ಬಂದು ನಿಂತಿತು.

"ಹೊರಟ್ಲು," ಎಂದ ಅಲ್ಬಿನ್.